ವ್ಯಾಪಾರದ ದಾವೆಯಲ್ಲಿ ದಾಖಲೆ ತಡವಾದರೆ ಏನಾಗುತ್ತದೆ? ಕೆ.ಜಿ.ಎಫ್., ಬಂಗಾರಪೇಟೆ ವರ್ತಕರಿಗೆ ಮಾಹಿತಿ

ಕೆ.ಜಿ.ಎಫ್.ನ ರಾಬರ್ಟ್‌ಸನ್‌ಪೇಟೆ, ಆಂಡರ್ಸನ್‌ಪೇಟೆ ಹಾಗೂ ಬಂಗಾರಪೇಟೆಯ ಅಂಗಡಿಗಳಲ್ಲಿ ಉದ್ರಿ ವ್ಯಾಪಾರ ಹೊಸದೇನಲ್ಲ. ಗಣಿ ನಡೆಯುತ್ತಿದ್ದ ಕಾಲದಲ್ಲಿ ಸಂಬಳದ ದಿನ ಬಂದರೆ ಬಾಕಿಯೂ ಬರುತ್ತಿತ್ತು. 2001ರ ಫೆಬ್ರವರಿ 28ರಂದು ಗಣಿ ಮುಚ್ಚಿತು. ಈಗ ಸರಕು ಕೊಳ್ಳುವವರು ಬೆಂಗಳೂರಿನಲ್ಲೋ ಚೆನ್ನೈನಲ್ಲೋ ಇರಬಹುದು. ಮುಖ ನೋಡಿ ಕೊಟ್ಟ ಸರಕಿಗೆ ಹಣ ಬಾರದೆ ಹೋದಾಗ ಉಳಿಯುವ ಆಧಾರ ಕಾಗದ ಮಾತ್ರ. ಆ ಕಾಗದವೂ ಸಮಯಕ್ಕೆ ಸರಿಯಾಗಿ ನ್ಯಾಯಾಲಯ ತಲುಪಬೇಕು.

ಯಾವ ವ್ಯಾಜ್ಯಕ್ಕೆ ಈ ನಿಯಮ?

ವಾಣಿಜ್ಯ ನ್ಯಾಯಾಲಯಗಳ ಕಾಯ್ದೆ 2015ರಲ್ಲಿ ಬಂದಾಗ 1 ಕೋಟಿ ರೂಪಾಯಿ ಮತ್ತು ಅದಕ್ಕಿಂತ ಹೆಚ್ಚಿನ ಮೊತ್ತದ ವ್ಯಾಜ್ಯಗಳಿಗೆ ಮಾತ್ರ ಅನ್ವಯವಾಗುತ್ತಿತ್ತು. 2018ರ ತಿದ್ದುಪಡಿ ಈ ಮಿತಿಯನ್ನು 3 ಲಕ್ಷ ರೂಪಾಯಿಗೆ ಇಳಿಸಿತು. ಇದರಿಂದ ಸಣ್ಣ ಪಟ್ಟಣದ ಬಟ್ಟೆ ಅಂಗಡಿ, ಹಾರ್ಡ್‌ವೇರ್ ಅಂಗಡಿಯವರ ದಾವೆಗಳೂ ಈ ಕಾಯ್ದೆಯೊಳಗೆ ಬಂದವು. ಮೊತ್ತ ಲೆಕ್ಕ ಹಾಕುವಾಗ ದಾವೆ ಹೂಡುವ ದಿನದವರೆಗಿನ ಬಡ್ಡಿಯೂ ಸೇರುತ್ತದೆ. ಅಸಲು 2 ಲಕ್ಷ 60 ಸಾವಿರ ಇದ್ದರೂ ಬಡ್ಡಿ ಸೇರಿ 3 ಲಕ್ಷ ಮುಟ್ಟಬಹುದು.

ವರ್ತಕರ ನಡುವಿನ ಸಾಮಾನ್ಯ ವ್ಯವಹಾರ, ಸರಕು ಮಾರಾಟದ ಒಪ್ಪಂದ, ಪಾಲುದಾರಿಕೆಯ ತಕರಾರು, ವ್ಯಾಪಾರಕ್ಕಾಗಿಯೇ ಬಳಸುವ ಮಳಿಗೆಯ ಒಪ್ಪಂದ ಇವೆಲ್ಲ ಇದರಲ್ಲಿ ಬರುತ್ತವೆ. ಸ್ನೇಹಿತರ ನಡುವಿನ ಕೈಸಾಲ ಬರುವುದಿಲ್ಲ.

ದಾಖಲೆ ಯಾವಾಗ ಸಲ್ಲಿಸಬೇಕು?

ಇಂತಹ ದಾವೆಗಳಿಗಾಗಿ ಸಿವಿಲ್ ಪ್ರಕ್ರಿಯಾ ಸಂಹಿತೆಯ 11ನೇ ಆದೇಶವನ್ನೇ ಬದಲಿಸಲಾಗಿದೆ. ದಾವೆ ಹೂಡುವವರು ತಮ್ಮ ಬಳಿ ಮತ್ತು ತಮ್ಮ ಹಿಡಿತದಲ್ಲಿರುವ, ದಾವೆಗೆ ಸಂಬಂಧಿಸಿದ ಎಲ್ಲ ದಾಖಲೆಗಳ ಪಟ್ಟಿ ಮತ್ತು ನಕಲುಗಳನ್ನು ದಾವಾಪತ್ರದ ಜೊತೆಯಲ್ಲೇ ಕೊಡಬೇಕು. ತಮಗೆ ಅನುಕೂಲವಾದವನ್ನು ಮಾತ್ರವಲ್ಲ, ಪ್ರತಿಕೂಲವಾದವನ್ನೂ ಕೊಡಬೇಕು. ಬೇರೆ ಯಾವುದೂ ಇಲ್ಲವೆಂದು ಪ್ರಮಾಣ ಮಾಡಿ ಹೇಳಬೇಕು.

ತುರ್ತಾಗಿ ದಾವೆ ಹೂಡಬೇಕಾಗಿ ಬಂದರೆ, ಉಳಿದ ದಾಖಲೆಗಳಿಗೆ ಅನುಮತಿ ಕೇಳಿ ದಾವೆ ಹೂಡಿದ 30 ದಿನಗಳೊಳಗೆ ಸಲ್ಲಿಸಬಹುದು. ಅದೂ ಕಳೆದರೆ ನ್ಯಾಯಾಲಯದ ಅನುಮತಿ ಇಲ್ಲದೆ ಆ ದಾಖಲೆಯನ್ನು ಆಧರಿಸುವಂತಿಲ್ಲ. ಅನುಮತಿ ಬೇಕಾದರೆ ಮೊದಲೇ ಏಕೆ ಕೊಡಲಿಲ್ಲ ಎಂಬುದಕ್ಕೆ ಸಮಂಜಸ ಕಾರಣ ತೋರಿಸಬೇಕು. ಬೇಕೆಂದೇ ಅಥವಾ ನಿರ್ಲಕ್ಷ್ಯದಿಂದ ದಾಖಲೆ ಬಚ್ಚಿಟ್ಟವರ ಮೇಲೆ ನ್ಯಾಯಾಲಯ ದಂಡರೂಪದ ಖರ್ಚನ್ನೂ ಹಾಕಬಹುದು.

ಉದಾಹರಣೆಗೆ, ಬಂಗಾರಪೇಟೆಯ ವರ್ತಕರೊಬ್ಬರು 4 ಲಕ್ಷ ರೂಪಾಯಿಯ ಸರಕು ಕಳುಹಿಸಿ ಹಣ ಬಾರದೆ ದಾವೆ ಹೂಡುತ್ತಾರೆ ಎಂದುಕೊಳ್ಳೋಣ. ಎರಡು ಬಿಲ್, ಒಂದು ಖಾತೆಯ ಹಾಳೆ ಮಾತ್ರ ಕೊಡುತ್ತಾರೆ. ಎದುರಾಳಿ ಸರಕೇ ಬರಲಿಲ್ಲ ಎನ್ನುತ್ತಾರೆ. ಆಗ ಗೋದಾಮಿನ ಮೂಟೆಯಿಂದ ಲಾರಿ ರಸೀದಿ ಹುಡುಕಿ ತಂದರೆ, ಅದು ಮೊದಲಿನಿಂದಲೂ ಇವರ ಬಳಿಯೇ ಇತ್ತಲ್ಲವೇ ಎಂಬ ಪ್ರಶ್ನೆ ಏಳುತ್ತದೆ. ಹುಡುಕಲು ಪುರುಸೊತ್ತಾಗಲಿಲ್ಲ ಎಂಬುದು ಬಲವಾದ ಉತ್ತರವಲ್ಲ. ಸತ್ಯ ಅವರ ಕಡೆಗಿದ್ದರೂ ಹಣ ಕೈ ತಪ್ಪಬಹುದು.

ವಿನಾಯಿತಿ ಇದೆಯೇ?

ಇದೆ. ದಾವೆ ಹೂಡಿದ ನಂತರ ಪ್ರತಿವಾದಿ ಎತ್ತಿದ ಹೊಸ ವಾದಕ್ಕೆ ಉತ್ತರವಾಗಿ, ಪ್ರತಿವಾದಿಯ ಸಾಕ್ಷಿಗಳ ಪಾಟೀಸವಾಲಿಗೆ, ಅಥವಾ ಸಾಕ್ಷಿಯ ನೆನಪು ಹಸಿರು ಮಾಡಲು ತೋರಿಸುವ ದಾಖಲೆಗೆ ಈ ನಿರ್ಬಂಧ ಅನ್ವಯಿಸದು. ಆದರೆ ಮೇಲಿನ ವರ್ತಕರಂತಹವರು ಇದನ್ನು ನೆಚ್ಚಿ ಕೂರಬಾರದು. ಸರಕು ತಲುಪಿತೆಂದು ತೋರಿಸುವುದು ಮೊದಲ ದಿನದಿಂದಲೇ ಅವರ ಹೊಣೆ.

ಸುಧೀರ್ ಕುಮಾರ್ ವಿರುದ್ಧ ವಿನಯ್ ಕುಮಾರ್ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯ 2021ರ ಸೆಪ್ಟೆಂಬರ್ 15ರಂದು ಈ ನಿಯಮವನ್ನು ವಿವರಿಸಿತು. ದಾವೆ ಹೂಡುವಾಗ ನಿಜವಾಗಿಯೂ ವಾದಿಯ ಬಳಿ ಇರದೆ ನಂತರ ಸಿಕ್ಕಿದ ದಾಖಲೆಗೂ, ಕೈಯಲ್ಲಿದ್ದೂ ಕೊಡದ ದಾಖಲೆಗೂ ವ್ಯತ್ಯಾಸವಿದೆ. ಸಮಂಜಸ ಕಾರಣ ತೋರಿಸುವ ಹೊರೆ ಬೀಳುವುದು ಎರಡನೆಯದಕ್ಕೆ.

ಪ್ರತಿವಾದಿಗೂ ಗಡುವು

ಸಮನ್ಸ್ ಬಂದವರು 30 ದಿನಗಳೊಳಗೆ ಲಿಖಿತ ಹೇಳಿಕೆ ಕೊಡಬೇಕು. ನ್ಯಾಯಾಲಯ ಕಾರಣ ನೋಡಿ ಸಮಯ ಕೊಟ್ಟರೂ 120 ದಿನ ದಾಟುವಂತಿಲ್ಲ. ದಾಟಿದರೆ ಹೇಳಿಕೆ ಸಲ್ಲಿಸುವ ಹಕ್ಕೇ ಹೋಗುತ್ತದೆ. 2019ರಲ್ಲಿ ಸರ್ವೋಚ್ಚ ನ್ಯಾಯಾಲಯ ಇದನ್ನು ಸ್ಪಷ್ಟಪಡಿಸಿದೆ. ಪ್ರತಿವಾದಿಯೂ ತನ್ನ ದಾಖಲೆಗಳನ್ನೆಲ್ಲ ಲಿಖಿತ ಹೇಳಿಕೆಯ ಜೊತೆಯಲ್ಲೇ ಕೊಡಬೇಕು. ಆದ್ದರಿಂದ ಸಮನ್ಸ್ ಪಡೆದ ದಿನಾಂಕವನ್ನು ಅಂದೇ ಬರೆದಿಟ್ಟುಕೊಂಡು ವಕೀಲರನ್ನು ಕಾಣಬೇಕು.

ದಾವೆಗೆ ಮುಂಚೆ

ತುರ್ತು ಮಧ್ಯಂತರ ಪರಿಹಾರ ಬೇಕಿಲ್ಲದಿದ್ದರೆ ಮೊದಲು ಮಧ್ಯಸ್ಥಿಕೆಗೆ ಅರ್ಜಿ ಹಾಕುವುದು ಕಡ್ಡಾಯ. 2022ರ ಆಗಸ್ಟ್ 20ರಿಂದ ಇದನ್ನು ಮಾಡದೆ ಹೂಡಿದ ದಾವೆ ತಿರಸ್ಕೃತವಾಗುತ್ತದೆ. ಅರ್ಜಿಯನ್ನು ಜಿಲ್ಲಾ ಕಾನೂನು ಸೇವೆಗಳ ಪ್ರಾಧಿಕಾರಕ್ಕೆ ಕೊಡಲಾಗುತ್ತದೆ. ಮಧ್ಯಸ್ಥಿಕೆಯಲ್ಲಿ ಕಳೆದ ಅವಧಿ ಕಾಲಮಿತಿಯ ಲೆಕ್ಕಕ್ಕೆ ಸೇರುವುದಿಲ್ಲ. ಅಲ್ಲೇ ರಾಜಿಯಾದರೆ ಸಂಬಂಧವೂ ಉಳಿಯುತ್ತದೆ. ಆಗದಿದ್ದರೆ ಈ ಸಮಯವನ್ನು ಕಾಗದ ಜೋಡಿಸಲು ಬಳಸಿಕೊಳ್ಳಬೇಕು.

ಜೋಡಿಸಿಡಬೇಕಾದ ದಾಖಲೆಗಳು

- ಆರ್ಡರ್, ಬಿಲ್, ಇ-ವೇ ಬಿಲ್, ಲಾರಿ ರಸೀದಿ, ಸರಕು ಪಡೆದವರ ಸಹಿ ಇರುವ ಪ್ರತಿ.
- ಖಾತೆ ಪುಸ್ತಕ, ಬ್ಯಾಂಕ್ ಸ್ಟೇಟ್‌ಮೆಂಟ್, ಜಿ.ಎಸ್.ಟಿ. ರಿಟರ್ನ್, ವಾಪಸಾದ ಚೆಕ್.
- ಬಾಕಿ ಒಪ್ಪಿಕೊಂಡ ಪತ್ರ, ಕಳುಹಿಸಿದ ನೋಟಿಸ್ ಮತ್ತು ಅಂಚೆ ರಸೀದಿ.
- ವಾಟ್ಸಾಪ್ ಸಂದೇಶ, ಇ-ಮೇಲ್. ಇವುಗಳ ಪ್ರಿಂಟ್ ಮಾತ್ರ ಸಾಲದು. 2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ಸಾಕ್ಷ್ಯ ಅಧಿನಿಯಮದ 63ನೇ ಕಲಮಿನ ಪ್ರಮಾಣಪತ್ರ ಬೇಕು. ಫೋನ್ ಬದಲಿಸುವ ಮುನ್ನ ಸಂದೇಶಗಳನ್ನು ಉಳಿಸಿಕೊಳ್ಳಬೇಕು.

ದೀಪಾವಳಿಗೆ ಹೊಸ ಚೋಪಡಿ ಪೂಜೆ ಮಾಡಿ ಹಳೆಯ ಪುಸ್ತಕಗಳನ್ನು ಅಟ್ಟಕ್ಕೆ ಏರಿಸುವುದು ಅನೇಕ ಮನೆಗಳ ರೂಢಿ. ಏರಿಸುವ ಮುನ್ನ ಬಾಕಿ ಉಳಿದ ಪ್ರತಿಯೊಂದು ಖಾತೆಯ ಕಾಗದಗಳನ್ನು ಬೇರೆ ಕವರಿನಲ್ಲಿ ಹಾಕಿ ಹೆಸರು ಬರೆದಿಟ್ಟರೆ ಒಳ್ಳೆಯದು. ಮಾರಿದ ಸರಕಿನ ಬಾಕಿಗೆ ಸಾಮಾನ್ಯವಾಗಿ 3 ವರ್ಷಗಳ ಕಾಲಮಿತಿ ಇರುವುದರಿಂದ ವರ್ಷಕ್ಕೊಮ್ಮೆ ಈ ಕವರುಗಳನ್ನು ತೆಗೆದು ನೋಡುವುದು ಅಗತ್ಯ. ದಾವೆಯ ಹಂತ ಬಂದರೆ ಆ ಕವರನ್ನು ಪೂರ್ತಿಯಾಗಿ, ಒಂದು ಚೀಟಿಯನ್ನೂ ಹಿಂದಿಡದೆ, ವಕೀಲರ ಕೈಗೆ ಕೊಡಬೇಕು.