ಮೆರವಣಿಗೆಯ ರಾತ್ರಿಗೆ ಹಳೆಯ ಆವೃತ್ತಿಯೇ ಸರಿ

ತುಮಕೂರಿನ ಶೆಟ್ಟಿಹಳ್ಳಿಯಿರಲಿ, ಗುಬ್ಬಿ, ಕುಣಿಗಲ್ ಕಡೆಯ ಊರುಗಳಿರಲಿ, ಗಣೇಶನ ವಿಸರ್ಜನೆಗೂ ಆರತಕ್ಷತೆಗೂ ಈಗ ಡಿಜೆ ಬೇಕೇ ಬೇಕು. ಎಲ್ಲರ ಕಣ್ಣು ಆಳೆತ್ತರದ ಸ್ಪೀಕರುಗಳ ಮೇಲೆ. ಹಾಡು ನಡುವೆ ನಿಲ್ಲುತ್ತದೋ ಇಲ್ಲವೋ ಎಂಬುದು ಮಾತ್ರ ಪಕ್ಕದ ಲ್ಯಾಪ್‌ಟಾಪಿನ ಕೈಯಲ್ಲಿದೆ.

ಸಿಡಿ ಗುಣಮಟ್ಟದ ಹಾಡೆಂದರೆ ಸೆಕೆಂಡಿಗೆ 44,100 ಅಂಕಿಗಳ ಸಾಲು. ಎಡ ಕಿವಿಗೊಂದು, ಬಲಕ್ಕೊಂದು. ಲ್ಯಾಪ್‌ಟಾಪಿನಲ್ಲಿರುವ ಡಿಜೆ ತಂತ್ರಾಂಶ ಇವನ್ನು ಕಂತು ಕಟ್ಟಿ ಸೌಂಡ್ ಕಾರ್ಡಿಗೆ ಕೊಡುತ್ತದೆ. ಕಂತಿಗೆ 512 ಅಂಕಿ ಎಂದಿಟ್ಟುಕೊಂಡರೆ 11.6 ಮಿಲಿಸೆಕೆಂಡಿನಲ್ಲಿ ಅದು ಮುಗಿಯುತ್ತದೆ. ಅಷ್ಟರೊಳಗೆ ಎರಡು ಹಾಡುಗಳ ವೇಗ ಹೊಂದಿಸಿ, ಬೆರೆಸಿ, ಬಾಸ್ ತಿದ್ದಿ ಮುಂದಿನ ಕಂತು ತಯಾರಾಗಿರಬೇಕು. ತಡವಾಯಿತೋ, ‘ಟಪ್’ ಎಂಬ ಸದ್ದು ಬೀದಿಗೆಲ್ಲ ಕೇಳುತ್ತದೆ. ಕಂತು ದೊಡ್ಡದು ಮಾಡಿದರೆ ಬಿಡುವು ಸಿಗುತ್ತದೆ ನಿಜ, ಆದರೆ ಗುಂಡಿ ಒತ್ತಿದ ಮೇಲೆ ಸದ್ದು ಹಿಂದೆ ಬೀಳುತ್ತದೆ.

ಹಾಗಾಗಿ ಇಲ್ಲಿ ಸರಾಸರಿ ವೇಗಕ್ಕೆ ಬೆಲೆಯಿಲ್ಲ. ಅತಿ ಕೆಟ್ಟ ಗಳಿಗೆಯಲ್ಲಿ ಯಂತ್ರ ಎಷ್ಟು ತಡಮಾಡುತ್ತದೆ ಎಂಬುದೇ ಮುಖ್ಯ. ತಂತ್ರಾಂಶದ ಹೊಸ ಆವೃತ್ತಿಗಳು ಈ ಪುಟ್ಟ ಗಡುವಿನೊಳಗೇ ಹೆಚ್ಚು ಕೆಲಸ ತುರುಕುತ್ತವೆ. ಹಾಡಿನಿಂದ ದನಿ, ತಾಳಗಳನ್ನು ಆಗಿಂದಾಗಲೇ ಬಿಡಿಸುವ ‘ಸ್ಟೆಮ್ಸ್’ 2022ರಲ್ಲಿ ಸೆರಾಟೊ ಡಿಜೆ ಎಂಬ ತಂತ್ರಾಂಶಕ್ಕೂ ಬಂತು. ಸೊಗಸಾದ ತಂತ್ರ, ಆದರೆ ಹಳೆಯ ಲ್ಯಾಪ್‌ಟಾಪಿಗೆ ಭಾರ.

ಹಳೆಯದೆಂದು ಕೈಗೆ ಸಿಕ್ಕಿದ್ದೆಲ್ಲ ಸ್ಥಿರವಲ್ಲ. ಆವೃತ್ತಿ ಸಂಖ್ಯೆಯ ಕೊನೆಯ ಅಂಕಿ ನೋಡಿ. ಉಚಿತ ತಂತ್ರಾಂಶ ಮಿಕ್ಸ್ 2021ರಲ್ಲಿ 2.3.0 ಆಗಿ ಬಂತು. ದೋಷಗಳನ್ನು ತಿದ್ದುತ್ತಾ 2023ರ ಹೊತ್ತಿಗೆ 2.3.6 ಆಯಿತು. ಸೊನ್ನೆಯಲ್ಲಿ ಮುಗಿಯುವುದನ್ನು ದುಡಿಮೆಯ ಯಂತ್ರಕ್ಕೆ ಹಾಕಬೇಡಿ, ಆ ಸರಣಿಯ ಕೊನೆಯದನ್ನು ಹಾಕಿ. ತಂತ್ರಾಂಶ ಸ್ಥಿರವಾಗಿದ್ದರೂ ಕೆಳಗಿನ ಕಾರ್ಯವ್ಯವಸ್ಥೆ ಬದಲಾದರೆ ಕಷ್ಟವೇ. 2019ರ ಅಕ್ಟೋಬರಿನಲ್ಲಿ ಆಪಲ್‌ನ ಕ್ಯಾಟಲೀನಾ ಬಂದಾಗ ಐಟ್ಯೂನ್ಸ್ ಮಾಯವಾಯಿತು; ಅದರ ಪಟ್ಟಿಯನ್ನು ನಂಬಿದ್ದ ಎಷ್ಟೋ ಡಿಜೆಗಳಿಗೆ ತಮ್ಮ ಹಾಡುಗಳ ಸಂಗ್ರಹವೇ ಕಾಣದಾಯಿತು.

ಹಳೆಯದಕ್ಕೂ ಒಂದು ಅಪಾಯವಿದೆ. ವಿಂಡೋಸ್ 10ಕ್ಕೆ ಮೈಕ್ರೋಸಾಫ್ಟಿನ ಸಾಮಾನ್ಯ ಬೆಂಬಲ 2025ರ ಅಕ್ಟೋಬರ್ 14ಕ್ಕೆ ಮುಗಿದಿದೆ. ಭದ್ರತೆಯ ತಿದ್ದುಪಡಿ ಸಿಗದ ಅಂಥ ಯಂತ್ರವನ್ನು ಹಾಡಿಗಷ್ಟೇ ಇಟ್ಟುಕೊಳ್ಳಿ, ಇಂಟರ್ನೆಟ್ಟಿಗೆ ಜೋಡಿಸಬೇಡಿ.

ಹೊಸದನ್ನು ಪರೀಕ್ಷಿಸುವ ಆಸೆಯಿದ್ದರೆ ಹಬ್ಬಗಳ ಕಾಲ ಮುಗಿಯಲಿ. ಮೊದಲು ಹಾಡುಗಳ ಪಟ್ಟಿಯನ್ನು ಬೇರೆ ಡಿಸ್ಕಿಗೆ ನಕಲು ಮಾಡಿಕೊಳ್ಳಿ. ಹೊಸ ಆವೃತ್ತಿ ಒಮ್ಮೆ ತಿದ್ದಿ ಬರೆದ ಪಟ್ಟಿಯನ್ನು ಹಳೆಯದು ಓದದೆ ಹೋಗಬಹುದು.