ಪಾದ್ರಿ ಸೆರಾ ಅವರ ಬಿದಿರಿನ ಆರ್ಗನ್

1816ನೆಯ ಇಸವಿಯಲ್ಲಿ, ಫಿಲಿಪ್ಪೀನ್ಸ್ ದ್ವೀಪಗಳ ರಾಜಧಾನಿಯಾದ ಮನಿಲಾ ನಗರಕ್ಕೆ ದಕ್ಷಿಣದಲ್ಲಿ, ಕೊಲ್ಲಿಯ ಅಂಚಿಗಿದ್ದ ಲಾಸ್ ಪಿನ್ಯಾಸ್ ಎಂಬ ಬಡ ಗ್ರಾಮದ ಪಾದ್ರಿಯೊಬ್ಬರು ಬಿದಿರನ್ನು ರಾಶಿರಾಶಿಯಾಗಿ ಕಡಿಸಿ ತಂದು ಕಡಲತಡಿಯ ಉಸುಕಿನಲ್ಲಿ ಹೂಳಿಸಿದರು. ವರ್ಷಕಾಲ ಅದು ಅಲ್ಲಿಯೇ ಇರತಕ್ಕದ್ದೆಂದೂ, ಹುಳುವಿನ ಬಾಯಿಗೆ ಬೀಳದೆ ಉಳಿದ ಬಿದಿರನ್ನು ಮಾತ್ರ ಕೆಲಸಕ್ಕೆ ತೆಗೆದುಕೊಳ್ಳತಕ್ಕದ್ದೆಂದೂ ಅವರ ನಿಶ್ಚಯವಾಗಿತ್ತು. ಆ ಬಿದಿರಿನಿಂದ ಅವರು ನಿರ್ಮಿಸಿದ ಪೈಪ್ ಆರ್ಗನ್ ಇಂದಿಗೂ ಅದೇ ಊರಿನ ಸಂತ ಜೋಸೆಫರ ಚರ್ಚಿನಲ್ಲಿ ನುಡಿಯುತ್ತಿದೆ. ಅದರ 1031 ಕೊಳವೆಗಳ ಪೈಕಿ 902 ಬಿದಿರಿನವು. ಲೋಹದವು 129 ಮಾತ್ರ. ಐರೋಪ್ಯ ದೇವಾಲಯಗಳಲ್ಲಿ ತವರ ಸೀಸಗಳ ಮಿಶ್ರಣದಿಂದಲೂ ಒಳ್ಳೆಯ ಮರದಿಂದಲೂ ಶತಮಾನಗಳ ಕಾಲ ಬೆಳೆದುಬಂದ ಒಂದು ಮಹಾವಾದ್ಯವು, ಏಷ್ಯಾಖಂಡದ ಒಂದು ದ್ವೀಪದಲ್ಲಿ, ಅಲ್ಲಿಯ ನೆಲದಲ್ಲಿಯೇ ಹುಟ್ಟಿದ ಹುಲ್ಲಿನ ದೇಹವನ್ನು ಧರಿಸಿ ನಿಂತಿರುವ ಈ ವೃತ್ತಾಂತವು ಸಂಗೀತಪ್ರಿಯರೆಲ್ಲರೂ ತಿಳಿದಿರಬೇಕಾದುದು.

ಆ ಪಾದ್ರಿಯ ಹೆಸರು ಡಿಯೆಗೊ ಸೆರಾ. ಸ್ಪೇನ್ ದೇಶದ ಆರಗಾನ್ ಪ್ರಾಂತದ ಗ್ರಾವುಸ್ ಎಂಬ ಊರಿನಲ್ಲಿ 1762ರಲ್ಲಿ ಜನಿಸಿ, ಅಗಸ್ಟಿನಿಯನ್ ರಿಕಲೆಕ್ಟ್ ಎಂಬ ಸಂನ್ಯಾಸಿಸಂಘವನ್ನು ಸೇರಿ, ಹದಿನೆಂಟನೆಯ ಶತಮಾನದ ಕೊನೆಯ ದಶಕದಲ್ಲಿ ಸಾಗರಗಳನ್ನು ದಾಟಿ ಬಂದ ಅವರು, 1795ರಲ್ಲಿ ಲಾಸ್ ಪಿನ್ಯಾಸ್‌ನ ಮೊದಲ ಪಾದ್ರಿಗಳಾಗಿ ನಿಯುಕ್ತರಾದರು. ಬೆಸ್ತರೂ ಉಪ್ಪು ತಯಾರಿಸುವವರೂ ಬೇಸಾಯಗಾರರೂ ಇದ್ದ ಆ ಊರಿಗೆ ಆಗ ಕಲ್ಲಿನ ಚರ್ಚೂ ಇರಲಿಲ್ಲ. ಸೆರಾ ಅವರು ತಾವೇ ವಾಸ್ತುಶಿಲ್ಪಿಗಳಾಗಿ ನಿಂತು, 1797ರಲ್ಲಿ ಆರಂಭಿಸಿ 1819ರವರೆಗೆ, ಅಂದರೆ ಇಪ್ಪತ್ತೆರಡು ವರ್ಷಗಳ ದೀರ್ಘಾವಧಿಯಲ್ಲಿ, ಊರವರ ಕೈಯಿಂದಲೇ ಅದನ್ನು ಕಟ್ಟಿಸಿದರು. ಅವರು ಸೇತುವೆ ರಸ್ತೆಗಳನ್ನು ಮಾಡಿಸಿದುದನ್ನೂ, ಜನರಿಗೆ ಜೀವನೋಪಾಯದ ಕಸುಬುಗಳನ್ನು ಕಲಿಸಿದುದನ್ನೂ ಊರಿನ ಚರಿತ್ರೆ ಇಂದಿಗೂ ಕೃತಜ್ಞತೆಯಿಂದ ಹೇಳುತ್ತದೆ. ರಸಾಯನ ಶಾಸ್ತ್ರದಲ್ಲಿಯೂ ಪ್ರಕೃತಿವಿಜ್ಞಾನದಲ್ಲಿಯೂ ಆಸಕ್ತರಾಗಿದ್ದ, ಸ್ವತಃ ಆರ್ಗನ್ ನುಡಿಸಬಲ್ಲವರೂ ಕಟ್ಟಬಲ್ಲವರೂ ಆಗಿದ್ದ ಇಂತಹ ಒಬ್ಬ ಮನುಷ್ಯನಿಗೆ, ಪೂಜಾವಿಧಿಗೆ ತಕ್ಕ ನಾದವಿಲ್ಲದ ಚರ್ಚು ಅಪೂರ್ಣವೆಂದು ತೋರಿದುದರಲ್ಲಿ ಆಶ್ಚರ್ಯವಿಲ್ಲ. ಆದುದರಿಂದಲೇ ಕಟ್ಟಡ ಮುಗಿಯುವುದಕ್ಕೆ ಮೂರು ವರ್ಷ ಮೊದಲೇ ಬಿದಿರು ಉಸುಕನ್ನು ಸೇರಿತ್ತು.

ಬಿದಿರನ್ನು ಆರಿಸಿಕೊಂಡುದು ಕೇವಲ ದಾರಿದ್ರ್ಯದ ಫಲವೆಂದು ಎಣಿಸುವುದು ಆ ಕುಶಲಿಗೆ ಅನ್ಯಾಯ. ಲೋಹ ದುರ್ಲಭವಾಗಿದ್ದರೂ ಆ ದ್ವೀಪಗಳಲ್ಲಿ ಮರಕ್ಕೆ ಕೊರತೆಯಿರಲಿಲ್ಲ. ಹಲಗೆಗಳನ್ನು ಕೂಡಿಸಿ ಕೊಳವೆ ಮಾಡುವುದು ಆರ್ಗನ್ ಶಿಲ್ಪಿಗಳಿಗೆ ಹೊಸ ವಿದ್ಯೆಯೂ ಅಲ್ಲ. ಆದರೆ ಪಾತ್ರೆಪಗಡಿಯಿಂದ ಮನೆಯ ಗೋಡೆಯವರೆಗೆ ಆ ಜನರ ಜೀವನದಲ್ಲೆಲ್ಲ ವ್ಯಾಪಿಸಿದ್ದ ಬಿದಿರು, ಪ್ರಕೃತಿಯೇ ಕೊರೆದಿಟ್ಟ ಕೊಳವೆಯಾಗಿ ಅವರ ಕಣ್ಣಿಗೆ ಬಿದ್ದಿರಬೇಕು. ಆ ಸೌಲಭ್ಯದ ಒಳಗೇ ಒಂದು ಮಹಾಕಷ್ಟವೂ ಅಡಗಿತ್ತು. ಲೋಹದ ತಗಡನ್ನು ಶಿಲ್ಪಿಯು ತನಗೆ ಬೇಕಾದ ದಪ್ಪಕ್ಕೆ ಹೆರೆದು, ಬೇಕಾದ ಸುತ್ತಳತೆಗೆ ಸುತ್ತಿ, ಒಂದರಂತೆ ಇನ್ನೊಂದನ್ನು ಮಾಡಬಲ್ಲನು. ಬಿದಿರಿನಲ್ಲಾದರೋ ಒಂದರ ಒಳವ್ಯಾಸ ಇನ್ನೊಂದಕ್ಕಿಲ್ಲ, ಒಂದರ ಗೋಡೆಯ ದಪ್ಪ ಮತ್ತೊಂದಕ್ಕಿಲ್ಲ. ಆದುದರಿಂದ ಸೆರಾ ಅವರು ಪ್ರತಿಯೊಂದು ಸ್ವರಕ್ಕೂ ತಕ್ಕ ಬಿದಿರನ್ನು ರಾಶಿಯಿಂದ ಹುಡುಕಿ ತೆಗೆಯಬೇಕಾಗಿತ್ತು. ಹುಡುಕಿದುದನ್ನು ಅಳತೆಗೆ ಕತ್ತರಿಸಿ, ಬಾಯಿ ಕೊರೆದು, ಊದಿ, ಕೇಳಿ, ಮತ್ತೆ ಕೊರೆಯಬೇಕಾಗಿತ್ತು. ಕೊಳಲು ಮಾಡುವವನು ಒಂದು ಬಿದಿರಿನ ಮೇಲೆ ತೋರುವ ತಾಳ್ಮೆಯನ್ನು ಒಂಬೈನೂರಕ್ಕೂ ಹೆಚ್ಚು ಬಾರಿ ತೋರಿದವರ ಸಾಹಸವದು.

ಕೊಳವೆಯ ಬಾಯಿಯ ಈ ಕೆಲಸವನ್ನು ಸ್ವಲ್ಪ ಹತ್ತಿರದಿಂದ ನೋಡುವುದು ಯುಕ್ತ. ಕೊಳವೆಯ ಬುಡದಲ್ಲಿರುವ ಸಣ್ಣ ರಂಧ್ರದಿಂದ ಒಳನುಗ್ಗಿದ ಗಾಳಿಯು ಒಂದು ಕಿರಿದಾದ ಸೀಳಿನ ಮೂಲಕ ತೆಳ್ಳನೆಯ ಹಾಳೆಯಂತಾಗಿ ಮೇಲೆದ್ದು, ಬಾಯಿಯ ಮೇಲ್ತುಟಿಯ ಅಂಚಿಗೆ ತಾಗಿ, ಒಮ್ಮೆ ಒಳಕ್ಕೂ ಒಮ್ಮೆ ಹೊರಕ್ಕೂ ತೂಗಾಡತೊಡಗಿದಾಗ ಕೊಳವೆಯೊಳಗಿನ ಗಾಳಿಯ ಸ್ತಂಭವು ಕಂಪಿಸಿ ಸ್ವರ ಹುಟ್ಟುತ್ತದೆ. ಕೊಳವೆಯ ಉದ್ದ ಅರ್ಧವಾದರೆ ಸ್ವರವು ಒಂದು ಸ್ಥಾಯಿ ಮೇಲೇರುತ್ತದೆ. ತುದಿಯನ್ನು ಮುಚ್ಚಿದರೆ ಅದೇ ಉದ್ದದ ಕೊಳವೆ ಒಂದು ಸ್ಥಾಯಿ ಕೆಳಗಿಳಿಯುತ್ತದೆ. ಇಷ್ಟು ಶಾಸ್ತ್ರ. ಆದರೆ ಮೇಲ್ತುಟಿಯನ್ನು ಎಷ್ಟು ಎತ್ತರಕ್ಕೆ ಕತ್ತರಿಸಬೇಕು, ಬುಡದ ರಂಧ್ರವನ್ನು ಎಷ್ಟು ತೆರೆಯಬೇಕು, ಸೀಳನ್ನು ಎಷ್ಟು ಕಿರಿದಾಗಿಸಬೇಕು ಎಂಬುದೆಲ್ಲ ಕಿವಿಗೆ ಬಿಟ್ಟ ವಿಷಯ. ಕೂದಲೆಳೆಯಷ್ಟು ಹೆಚ್ಚು ಕೊಯ್ದರೆ ಸ್ವರ ಮಂಕಾಗುತ್ತದೆ, ಕಡಿಮೆಯಾದರೆ ಕೀರಲಾಗುತ್ತದೆ. ಕೊಯ್ದುದನ್ನು ಮರಳಿ ಅಂಟಿಸಲಾಗದು. ದನಿಗೂಡಿಸುವ ಈ ಕಾರ್ಯವೇ ಆರ್ಗನ್ ಶಿಲ್ಪದ ಪ್ರಾಣವೆಂದು ಆ ಕಸುಬಿನವರೆಲ್ಲರೂ ಒಪ್ಪುತ್ತಾರೆ.

ತಿದಿ, ಗಾಳಿಪೆಟ್ಟಿಗೆ, ಬೆರಳ ಒತ್ತನ್ನು ಕವಾಟಕ್ಕೆ ಮುಟ್ಟಿಸುವ ಸಪೂರ ಕಡ್ಡಿಗಳು, ಕೊಳವೆಗಳ ಸಾಲುಗಳನ್ನು ಬೇಕಾದಂತೆ ತೆರೆದು ಮುಚ್ಚುವ ಸ್ಟಾಪುಗಳು ಇವೆಲ್ಲ ಇಲ್ಲಿಯೂ ಇತರ ಆರ್ಗನ್‌ಗಳಲ್ಲಿರುವಂತೆಯೇ ಇವೆ. ಸ್ಪೇನ್ ದೇಶದ ಸಂಪ್ರದಾಯದಂತೆ ಕೀಲಿಮಣೆ ಒಂದೇ ಆದರೂ ಸ್ಟಾಪುಗಳು ಅದರ ಮಧ್ಯದಲ್ಲಿ ಇಬ್ಭಾಗವಾಗಿರುವುದರಿಂದ ಎಡಗೈಗೆ ಒಂದು ಬಣ್ಣದ ನಾದವನ್ನೂ ಬಲಗೈಗೆ ಬೇರೊಂದನ್ನೂ ಏಕಕಾಲದಲ್ಲಿ ನುಡಿಸಬಹುದು. ಇದರೊಡನೆ ಹಕ್ಕಿಯುಲಿಗಾಗಿ, ನೀರಿನಲ್ಲಿ ಅದ್ದಿದ ಕಿರುಗೊಳವೆಗಳ ಒಂದು ಗುಂಪಿದೆ. ಗಾಳಿ ಹಾಯ್ದೊಡನೆ ನೀರು ಗುಳುಗುಳಿಸಿ ಚಿಲಿಪಿಲಿಯ ಸದ್ದು ಏಳುತ್ತದೆ. ಸ್ಪೇನಿಗರು ಇದಕ್ಕೆ ಪಹರೀತೋಸ್, ಎಂದರೆ ಪುಟ್ಟ ಹಕ್ಕಿಗಳು, ಎನ್ನುತ್ತಾರೆ. ಪೂಜಾಮಂದಿರದ ಗಂಭೀರ ವಾದ್ಯದೊಳಗೆ ಹಕ್ಕಿಗಳಿಗೂ ಎಡೆಗೊಟ್ಟ ಆ ಸಂಪ್ರದಾಯದ ಹೃದಯವೈಶಾಲ್ಯ ದೊಡ್ಡದು.

1821ರ ವೇಳೆಗೆ ಆರ್ಗನ್ ನುಡಿಸುವ ಸ್ಥಿತಿಗೆ ಬಂದಿತ್ತು. ಆದರೆ ಸೆರಾ ಅವರ ಮನಸ್ಸಿಗೆ ಅದು ಪೂರ್ಣವಾಗಿರಲಿಲ್ಲ. ಸ್ಪೇನಿನ ಆರ್ಗನ್‌ಗಳ ಲಕ್ಷಣವೆನಿಸಿದ, ಮುಂಭಾಗದಿಂದ ಅಡ್ಡಡ್ಡಲಾಗಿ ಸಭೆಯ ಕಡೆಗೆ ಚಾಚಿಕೊಂಡು ನಿಲ್ಲುವ ತುತ್ತೂರಿ ಕೊಳವೆಗಳು ಇನ್ನೂ ಬಾಕಿಯಿದ್ದವು. ಲೋಹದ ನಾಲಿಗೆಯ ಮಿಡಿತದಿಂದ ಹುಟ್ಟುವ ಆ ತೀಕ್ಷ್ಣವೂ ಉಜ್ಜ್ವಲವೂ ಆದ ಧ್ವನಿಯನ್ನು ಬಿದಿರಿನಿಂದ ಪಡೆಯಲಾಗದೆಂದು ಮನಗಂಡು, ಕಡೆಗೆ ಅವನ್ನು ಲೋಹದಿಂದಲೇ ಮಾಡಿ 1824ರಲ್ಲಿ ಕಾರ್ಯವನ್ನು ಸಮಾಪ್ತಿಗೊಳಿಸಿದರು. ಪದಾರ್ಥದ ಮೇಲಣ ಪ್ರೇಮಕ್ಕಿಂತ ನಾದದ ಸತ್ಯವನ್ನು ಹಿರಿದೆಂದು ಎಣಿಸಿದ ಈ ನಿರ್ಧಾರದಲ್ಲಿ ಅವರ ಕಲಾವಿದತ್ವ ಪೂರ್ಣವಾಗಿ ವ್ಯಕ್ತವಾಗುತ್ತದೆ. 1832ರಲ್ಲಿ ಅವರು ಕಾಲವಶರಾದರು.

ಅನಂತರದ ಚರಿತ್ರೆ ದುಃಖಕರ. ಭೂಕಂಪಗಳೂ ಚಂಡಮಾರುತಗಳೂ ಪದೇ ಪದೇ ಎರಗುವ ಆ ನಾಡಿನಲ್ಲಿ ಚರ್ಚಿಗೆ ಒದಗಿದ ಹಾನಿಯೆಲ್ಲ ಆರ್ಗನ್ನಿಗೂ ಒದಗಿ, ಹತ್ತೊಂಬತ್ತನೆಯ ಶತಮಾನ ಮುಗಿಯುವುದರೊಳಗಾಗಿ ವಾದ್ಯವು ಮೂಕವಾಯಿತು. ಇಪ್ಪತ್ತನೆಯ ಶತಮಾನದ ಆದಿಭಾಗದಲ್ಲಿ ಬಂದ ಬೆಲ್ಜಿಯಂ ಮೂಲದ ಪಾದ್ರಿಗಳು ಅದನ್ನು ಅಲ್ಪಸ್ವಲ್ಪ ದುರಸ್ತಿಗೊಳಿಸಿದರಾದರೂ ಪೂರ್ಣ ಜೀರ್ಣೋದ್ಧಾರಕ್ಕೆ 1973ರವರೆಗೆ ಕಾಯಬೇಕಾಯಿತು. ಆ ವರ್ಷ ವಾದ್ಯವನ್ನು ಭಾಗಭಾಗವಾಗಿ ಬಿಚ್ಚಿ ಜರ್ಮನಿಯ ಬಾನ್ ನಗರದಲ್ಲಿ 1882ರಿಂದ ನಡೆದುಬಂದಿದ್ದ ಕ್ಲಾಯಿಸ್ ಎಂಬ ಪ್ರಸಿದ್ಧ ಆರ್ಗನ್ ಶಿಲ್ಪಿಗಳ ಕಾರ್ಯಾಗಾರಕ್ಕೆ ಕಳುಹಿಸಲಾಯಿತು. ಉಷ್ಣವಲಯದ ತೇವಕ್ಕೆ ಹೊಂದಿಕೊಂಡಿದ್ದ ಬಿದಿರು ಯೂರೋಪಿನ ಒಣಹವೆಯಲ್ಲಿ ಸೀಳೀತೆಂಬ ಭೀತಿಯಿಂದ ಆ ಶಿಲ್ಪಿಗಳು ಫಿಲಿಪ್ಪೀನ್ಸ್‌ನ ಹವೆಯನ್ನೇ ಹೋಲುವ ಒಂದು ಕೊಠಡಿಯನ್ನು ಏರ್ಪಡಿಸಿ ಅದರೊಳಗೆ ಕೆಲಸ ಮಾಡಿದರೆಂಬುದು, ಪರರ ಕೃತಿಯ ಮೇಲೆ ಕುಶಲಿಗೆ ಇರತಕ್ಕ ಗೌರವಕ್ಕೆ ಉತ್ತಮ ನಿದರ್ಶನ. 1975ರ ಮಾರ್ಚಿಯಲ್ಲಿ ಆರ್ಗನ್ ತವರಿಗೆ ಮರಳಿತು. ಮೇ 9ರಂದು ಜರ್ಮನಿಯ ವೋಲ್ಫ್‌ಗಾಂಗ್ ಓಮ್ಸ್ ಅವರು ಅದನ್ನು ನುಡಿಸಿ ಪುನಃ ಪ್ರತಿಷ್ಠಾಪಿಸಿದರು. 1976ರಿಂದೀಚೆಗೆ ಅಲ್ಲಿ ವರ್ಷವರ್ಷವೂ ಅಂತರರಾಷ್ಟ್ರೀಯ ಬಿದಿರು ಆರ್ಗನ್ ಉತ್ಸವ ನಡೆದುಬಂದಿದೆ. 2003ರಲ್ಲಿ ಸರ್ಕಾರವು ಈ ವಾದ್ಯವನ್ನು ರಾಷ್ಟ್ರೀಯ ಸಾಂಸ್ಕೃತಿಕ ನಿಧಿಯೆಂದು ಸಾರಿತು.

ಈ ಗೌರವಗಳಿಗಿಂತಲೂ ನನಗೆ ದೊಡ್ಡದಾಗಿ ಕಾಣುವುದು ಮತ್ತೊಂದು ಸಂಗತಿ. ಜೀರ್ಣೋದ್ಧಾರದ ಅನಂತರ ಆ ಊರಿನ ಕಿರಿಯರು ವಾದ್ಯವನ್ನು ನೋಡಿ ಸಂತೋಷಪಡುವುದರಲ್ಲಿಯೇ ನಿಲ್ಲಲಿಲ್ಲ. ಅರ್ಮಾಂಡೊ ಸಲಾರ್ಸಾ ಅವರು ಆಸ್ಟ್ರಿಯಾದಲ್ಲಿ ವ್ಯಾಸಂಗ ಮಾಡಿ ಬಂದು ಈ ಆರ್ಗನ್ನಿನ ಮುಖ್ಯ ವಾದಕರಾದರು. ಸೀಲ್ವಿನ್ ತಾಗ್ಲೆ ಅವರು ಯೂರೋಪಿನ ಕಾರ್ಯಾಗಾರಗಳಲ್ಲಿ ಶಿಲ್ಪವನ್ನು ಅಭ್ಯಾಸಮಾಡಿ ಬಂದು, 1994ರಲ್ಲಿ ಸಹಚರರೊಡನೆ ಸ್ಥಾಪಿಸಿದ ಕಾರ್ಯಾಗಾರಕ್ಕೆ ಡಿಯೆಗೊ ಸೆರಾ ಅವರ ಹೆಸರನ್ನೇ ಇಟ್ಟರು. ಮನಿಲಾದ ಸಂತ ಅಗಸ್ಟೀನರ ಚರ್ಚಿನ ಆರ್ಗನ್, ಬೊಹೊಲ್ ದ್ವೀಪದ ಬಕ್ಲಯೋನ್ ಚರ್ಚಿನ ಆರ್ಗನ್, ಇಂತಹ ಹಲವು ಪ್ರಾಚೀನ ವಾದ್ಯಗಳು ಆ ಕೈಗಳಿಂದ ಮರುಜೀವ ಪಡೆದಿವೆ. 2003ರಿಂದ ಬಿದಿರಿನ ಆರ್ಗನ್ನಿನ ಇನ್ನೊಂದು ದುರಸ್ತಿ ನಡೆದಾಗ ಅದನ್ನು ಹಡಗಿಗೆ ಏರಿಸುವ ಪ್ರಮೇಯವೇ ಬರಲಿಲ್ಲ. ಆ ಕೆಲಸವನ್ನು ಈ ಕಾರ್ಯಾಗಾರದವರೇ ಮಾಡಿ ಮುಗಿಸಿದರು.

ಇದರ ಬೆಲೆಯನ್ನು ತಿಳಿಯಬೇಕಾದರೆ ಜರ್ಮನಿಯ ಕಡೆಗೆ ನೋಡಬೇಕು. 2017ರಲ್ಲಿ ಯುನೆಸ್ಕೊ ಸಂಸ್ಥೆಯು ಆ ದೇಶದ ಆರ್ಗನ್ ಶಿಲ್ಪವನ್ನೂ ಸಂಗೀತವನ್ನೂ ಮಾನವಕುಲದ ಅಮೂರ್ತ ಪರಂಪರೆಯ ಪಟ್ಟಿಗೆ ಸೇರಿಸಿದಾಗ ಅಲ್ಲಿ ಸುಮಾರು 50,000 ಆರ್ಗನ್‌ಗಳೂ, ಅವನ್ನು ಕಟ್ಟುವ ಮತ್ತು ಕಾಪಾಡುವ ಸುಮಾರು 400 ಕಾರ್ಯಾಗಾರಗಳೂ ಇದ್ದುವು. ಅಂತಹ ಬೆಂಬಲವಿಲ್ಲದ ಫಿಲಿಪ್ಪೀನ್ಸ್‌ನಲ್ಲಿ ಸ್ಪೇನಿಗರ ಕಾಲದ ಆರ್ಗನ್‌ಗಳ ಪೈಕಿ ಉಳಿದಿರುವುವು ಬೆರಳೆಣಿಕೆಯಷ್ಟು. ಕೆಲವೆಡೆ ಕೊಳವೆಗಳು ಕಳೆದುಹೋಗಿ ಬರಿಯ ಮರದ ಪೆಟ್ಟಿಗೆ ನಿಂತಿದೆ. ಲಾಸ್ ಪಿನ್ಯಾಸ್ ಕೂಡ ಇಂದು ಗ್ರಾಮವಲ್ಲ. ಮನಿಲಾ ಮಹಾನಗರವು ಅದನ್ನು ಒಳಗೊಂಡಿದೆ. ಉಪ್ಪಿನ ಗದ್ದೆಗಳಿದ್ದಲ್ಲಿ ಕಟ್ಟಡಗಳೆದ್ದಿವೆ. ಚರ್ಚಿನ ಮುಂದಿನ ರಸ್ತೆಯಲ್ಲಿ ವಾಹನಗಳ ಗದ್ದಲಕ್ಕೆ ಕೊನೆಯಿಲ್ಲ. ಸೆರಾ ಅವರ ಬಿದಿರನ್ನು ಹೊತ್ತ ನೆಲವು ಹೀಗೆ ಗುರುತು ಸಿಗದಂತೆ ಮಾರ್ಪಟ್ಟಿರುವಾಗ ಬಿದಿರು ಮಾತ್ರ ಉಳಿದು ಹಾಡುತ್ತಿದೆಯೆಂದರೆ, ತಲೆಮಾರಿನಿಂದ ತಲೆಮಾರಿಗೆ ಅದರ ಚಿಂತೆಯನ್ನು ಹೊತ್ತವರು ಇದ್ದುದರಿಂದಲೇ ಹೊರತು ಅದೃಷ್ಟದಿಂದಲ್ಲ.

ಪ್ರವಾಸಕ್ಕೋ ಉದ್ಯೋಗಕ್ಕೋ ಮನಿಲಾಕ್ಕೆ ಹೋಗುವ ಕನ್ನಡಿಗರು ಸಾಧ್ಯವಾದರೆ ಉತ್ಸವ ನಡೆಯುವ ಫೆಬ್ರವರಿ ತಿಂಗಳಿನಲ್ಲಿ ಲಾಸ್ ಪಿನ್ಯಾಸ್‌ಗೆ ಹೋಗಿ ಒಂದು ಸಂಜೆ ಈ ನಾದವನ್ನು ಕೇಳಬೇಕು. ಪ್ರಾಚೀನ ವಾದ್ಯವನ್ನು ಕಾಪಾಡುವುದೆಂದರೆ ಅದನ್ನು ಗಾಜಿನ ಹಿಂದೆ ಇಡುವುದೆಂದು ಭಾವಿಸುವವರಿಗೆ ಆ ಊರು ಬೇರೆಯೇ ಪಾಠ ಹೇಳುತ್ತದೆ: ವಾದ್ಯವನ್ನು ನುಡಿಸುತ್ತಿರಬೇಕು, ಅದನ್ನು ಕಟ್ಟಬಲ್ಲ ಕೈಗಳಿಗೆ ಕೆಲಸವನ್ನೂ ಅನ್ನವನ್ನೂ ಕೊಡುತ್ತಿರಬೇಕು.