ಆಡಿನ ಚರ್ಮ ಕೆಟ್ಟರೆ ಮೊದಲು ಜಾಗ ನೋಡಿ

ಮಳೆಗಾಲದಲ್ಲಿ ನಮ್ಮ ಕೊಪ್ಪ, ಶೃಂಗೇರಿ, ನರಸಿಂಹರಾಜಪುರ ಕಡೆ ಕೊಟ್ಟಿಗೆ ಒಣಗೋದೇ ಕಷ್ಟ. ಆಡಿನ ಚರ್ಮ ಕೆಟ್ಟರೆ ಬೇವಿನೆಣ್ಣೆ ಹಚ್ಚಿ ಸುಮ್ಮನಾಗೋದು ವಾಡಿಕೆ. ಆದರೆ ಸಾಫ್ಟ್‌ವೇರ್ ಇರಲಿ, ಆಡಿರಲಿ, ತೊಂದರೆ ಎಲ್ಲಿದೆ ಅಂತ ತಿಳಿಯದೆ ರಿಪೇರಿ ಆಗೋದಿಲ್ಲ.

ಕಿವಿ, ಮುಖ, ಕಾಲುಗಳಲ್ಲಿ ಕೂದಲು ಉದುರಿ, ಚರ್ಮ ದಪ್ಪಗಾಗಿ, ಆಡು ಕಂಬಕ್ಕೆ ಮೈ ಉಜ್ಜುತ್ತಿದ್ದರೆ ಅದು ನುಸಿಯಿಂದ ಬರುವ ಕಜ್ಜಿ ಇರಬಹುದು. ಇದಕ್ಕೆ ಐವರ್‌ಮೆಕ್ಟಿನ್ ಸಾಮಾನ್ಯವಾಗಿ ಒಮ್ಮೆ ಸಾಲದು, ಸುಮಾರು ಎರಡು ವಾರಕ್ಕೆ ಮತ್ತೊಮ್ಮೆ ಬೇಕು. ತೂಕ ನೋಡಿ ವೈದ್ಯರೇ ಕೊಡಲಿ. ಹಾಲು ಕೊಡೋ ಆಡಾದರೆ ಮೊದಲೇ ಹೇಳಿ.

ತುಟಿ ಸುತ್ತ ಹಕ್ಕಳೆಗಟ್ಟಿದ ಹುಣ್ಣು ವೈರಸ್‌ನಿಂದಲೂ ಬರುತ್ತದೆ. ಮನುಷ್ಯರಿಗೂ ಅಂಟುವುದರಿಂದ ಕೈಗವಸು ಹಾಕಿಯೇ ಮುಟ್ಟಿ.

ಲಂಟಾನ ತಿಂದ ಆಡು ಬಿಸಿಲಿಗೆ ನಿಂತರೆ ಕಿವಿ, ಮೂತಿ ಊದಿ ಸುಲಿಯುತ್ತದೆ, ಕಣ್ಣು ಹಳದಿಯಾಗುತ್ತದೆ. ಇಲ್ಲಿ ನಿಜಕ್ಕೂ ಕೆಟ್ಟಿರೋದು ಲಿವರ್. ನೆರಳಿಗೆ ಕಟ್ಟಿ, ತಡ ಮಾಡದೆ ವೈದ್ಯರನ್ನು ಕರೆಸಿ.

ಕಾಡಿಂದ ಬಂದ ಆಡಿನ ಮೈಯಲ್ಲಿ ಉಣುಗು ಕಂಡರೆ ಬರಿಗೈಲಿ ಕೀಳಬೇಡಿ. 1957ರಲ್ಲಿ ಸೊರಬ ತಾಲ್ಲೂಕಿನ ಕ್ಯಾಸನೂರು ಕಾಡಿನಲ್ಲಿ ಗುರುತಿಸಿದ ಮಂಗನ ಕಾಯಿಲೆ ಹರಡೋದು ಉಣುಗಿನಿಂದಲೇ. ಆಡಿನ ಮೈ ನೋಡೋದು ಮನೆಯವರ ಆರೋಗ್ಯ ನೋಡಿಕೊಂಡ ಹಾಗೆ.